ಶ್ರೀರಂಗಪಟ್ಟಣದ ದಂಡಯಾತ್ರೆಗಳಲ್ಲಿ ಕೊಡಗಿನ ವೀವಧ

ಶತ್ರುದೇಶವನ್ನು ಹೊಗುವ ಸೇನೆಗೆ ಮೂರು ಆಧಾರಗಳು ಬೇಕೆಂಬುದು ಕೌಟಿಲ್ಯನನ್ನು ಓದಿದವರಿಗೆ ವಿದಿತವೇ. ಧಾನ್ಯಾದಿಗಳ ಒದಗಣೆ ವೀವಧ. ಮಿತ್ರನ ಬಲ ಆಸಾರ. ಹುಲ್ಲು ಕಟ್ಟಿಗೆಗಳನ್ನು ತರುವುದು ಪ್ರಸಾರ. 1791-92ರಲ್ಲಿಯೂ 1799ರಲ್ಲಿಯೂ ಟಿಪ್ಪು ಸುಲ್ತಾನನ ಮೇಲೆ ಪಶ್ಚಿಮದಿಂದ ಏರಿಬಂದ ಇಂಗ್ಲಿಷರ ಮುಂಬಯಿ ಸೇನೆಗೆ ಈ ಮೂರೂ ದೊರೆತುದು ಕೊಡಗಿನಿಂದಲೇ. ಕೋಟೆ ಬಿದ್ದ ಕಥೆಯನ್ನು ವಿಸ್ತರಿಸುವ ಚರಿತ್ರಕಾರರು ಇದನ್ನು ಒಂದೆರಡು ವಾಕ್ಯಗಳಲ್ಲಿ ಮುಗಿಸಿಬಿಡುವುದುಂಟು.

ಪಿರಿಯಾಪಟ್ಟಣದ ಸೆರೆಯಿಂದ 1788ರಲ್ಲಿ ತಪ್ಪಿಸಿಕೊಂಡ ದೊಡ್ಡವೀರರಾಜೇಂದ್ರನು 1790ರ ಅಕ್ಟೋಬರಿನಲ್ಲಿ ಕಂಪೆನಿಯೊಡನೆ ಕೌಲು ಮಾಡಿಕೊಂಡನು. ಮರುವರ್ಷ ಜನರಲ್ ಅಬರ್‌ಕ್ರೋಂಬಿಯ ಸೇನೆಯು ಕಣ್ಣನೂರಿನ ಕಡೆಯಿಂದ ಹೆಗ್ಗಳದ ಘಟ್ಟವನ್ನು ಹತ್ತಿತು. ಸಾಮಗ್ರಿಗಳು ಇರಿಕ್ಕೂರಿನವರೆಗೆ ದೋಣಿಗಳಲ್ಲಿ ಬರಬಹುದಾಗಿತ್ತು. ಅಲ್ಲಿಂದ ಮೇಲಕ್ಕೆ ಕಾಡು, ಕಡಿದಾದ ಏರು. ಘಟ್ಟದ ಮೇಲೆ ಮಿತ್ರನ ನಾಡೂ ಅಕ್ಕಿಯೂ ದನಗಳೂ ಇಲ್ಲದಿದ್ದಲ್ಲಿ ಆ ಏರಾಟವೆಲ್ಲವೂ ವ್ಯರ್ಥವಾಗುತ್ತಿತ್ತು. ರಾಜನು ಮೈಸೂರು ಸೀಮೆಗೆ ನುಗ್ಗಿ ದನಗಳನ್ನು ಹೊಡೆದು ತಂದು ಸೇನೆಗೆ ಒಪ್ಪಿಸಿದನು.

ವೀವಧ ತಪ್ಪಿದರೆ ಏನಾಗುವುದೆಂಬುದಕ್ಕೆ ನಿದರ್ಶನವೂ ಅದೇ ವರ್ಷದಲ್ಲಿದೆ. 1791ರ ಮೇ ತಿಂಗಳಲ್ಲಿ ಲಾರ್ಡ್ ಕಾರ್ನ್‌ವಾಲಿಸನು ಅರಕೆರೆಯಲ್ಲಿ ಗೆದ್ದರೂ, ಎತ್ತುಗಳು ಮೇವಿಲ್ಲದೆ ಸತ್ತು, ಧಾನ್ಯವು ತೀರಿ, ತನ್ನ ಭಾರಿ ತೋಪುಗಳನ್ನು ತಾನೇ ನಾಶಪಡಿಸಿ ಹಿಂದೆಗೆಯಬೇಕಾಯಿತು. ಪಿರಿಯಾಪಟ್ಟಣಕ್ಕೆ ಬಂದಿದ್ದ ಅಬರ್‌ಕ್ರೋಂಬಿಯೂ ಮರಳಿದನು. ಗೆದ್ದ ಸೇನೆ ಹಸಿವಿಗೆ ಸೋತಿತು.

1799ರಲ್ಲಿ ಜನರಲ್ ಸ್ಟುಅರ್ಟನ ಸೇನೆಯೂ ಇದೇ ದಾರಿಯಲ್ಲಿ ಬಂದಿತು. ಮಾರ್ಚಿ 6ರಂದು ಸಿದ್ದೇಶ್ವರದಲ್ಲಿ ಟಿಪ್ಪುವು ಮೇಲೆ ಬಿದ್ದಾಗ ರಾಜನು ತನ್ನ ಜನರೊಡನೆ ಅಲ್ಲಿದ್ದನು, ಇದು ಆಸಾರ. ಒದಗಿಸಿದ ಅಕ್ಕಿ, ಎತ್ತುಗಳಿಗೆ ಅವನು ಹಣ ಸ್ವೀಕರಿಸಲಿಲ್ಲ. ಅದಕ್ಕೆ ಪ್ರತಿಯಾಗಿ ಕಂಪೆನಿಯು 24,000 ರೂಪಾಯಿಗಳ ವಾರ್ಷಿಕ ಕಪ್ಪವನ್ನು ಬಿಟ್ಟು, ವರ್ಷಕ್ಕೊಂದು ಆನೆಯನ್ನು ಮಾತ್ರ ಕೇಳಿತು.

ಈ ಔದಾರ್ಯದ ಭಾರವನ್ನು ಹೊತ್ತವರಾರು? ರಾಜೇಂದ್ರನಾಮೆಯು ರಾಜಾಜ್ಞೆಯಿಂದ ರಚಿತವಾದ ಗ್ರಂಥ. ಅದರಲ್ಲಿ ಅರಸನ ಕೀರ್ತಿಯೇ ಪ್ರಧಾನ. ಅಕ್ಕಿಯಾದರೋ ಒಕ್ಕಲಿನ ಗದ್ದೆಯಲ್ಲಿ ಬೆಳೆದುದು, ದನಗಳು ಗಡಿಯಾಚೆಯ ರೈತನ ಕೊಟ್ಟಿಗೆಯವು. ಅವರ ಲೆಕ್ಕಕ್ಕೆ ಕಪ್ಪದ ಮಾಫಿ ಸೇರಲಿಲ್ಲ.

ಇನ್ನೊಂದು ಮಾತು ಗಮನಾರ್ಹ. ಸೇನೆಗೆ ಅನ್ನವಿಟ್ಟವನು ದಾರಿಯನ್ನೂ ತೋರಿಸಿಕೊಟ್ಟಂತಾಗುತ್ತದೆ. 1834ರ ಏಪ್ರಿಲಿನಲ್ಲಿ ಚಿಕ್ಕವೀರರಾಜೇಂದ್ರನನ್ನು ಪದಚ್ಯುತಗೊಳಿಸಲು ಬಂದ ಕಂಪೆನಿಯ ದಂಡುಗಳಲ್ಲಿ ಕರ್ನಲ್ ಫೌಲಿಸನದು ಏರಿದುದು ಅದೇ ಹೆಗ್ಗಳದ ಘಟ್ಟವನ್ನು. ಮಿತ್ರನಿಗಾಗಿ ತೆರೆದ ಮಾರ್ಗವು ಮಿತ್ರತ್ವ ತೀರಿದ ಮೇಲೆ ಮುಚ್ಚಿಕೊಳ್ಳುವುದಿಲ್ಲ.