ಹಿಂಬರಹದ ಹಿಂದೆ

ಚಿಕ್ಕಬಳ್ಳಾಪುರ ಸೀಮೆಯ ರೈತರ ಟ್ರಂಕಿನಲ್ಲಿ ಪಹಣಿ, ಕಂದಾಯ ರಸೀದಿಗಳ ಜೊತೆ ಎಷ್ಟೋ ಸಲ ಇನ್ನೊಂದು ಕಾಗದವೂ ಸಿಗುತ್ತದೆ: ಹಿಂಬರಹ. ‘ತಮ್ಮ ಅರ್ಜಿಯನ್ನು ಪರಿಶೀಲಿಸಲಾಗಿ, ನಿಯಮಾನುಸಾರ ಅವಕಾಶವಿಲ್ಲದ ಕಾರಣ ವಿಲೇ ಮಾಡಲಾಗಿದೆ.’ ಯಾವ ನಿಯಮ, ಪರಿಶೀಲಿಸಿದವರು ಯಾರು, ಅರ್ಜಿದಾರನನ್ನು ಕರೆದು ಕೇಳಿದರೇ? ಒಂದಕ್ಕೂ ಉತ್ತರವಿಲ್ಲ, ಕೆಳಗೊಂದು ಗುಂಡನೆಯ ಮೊಹರು. ಈ ಪ್ರಶ್ನೆಗಳಿಗೆ ಅಧಿಕಾರಿ ಉತ್ತರಿಸಲೇಬೇಕೆಂದು ಕಾನೂನು ಒಪ್ಪಲು ನೂರು ವರ್ಷ ಹಿಡಿಯಿತು.

ದಿವಾನ್ ರಂಗಾಚಾರ್ಲು 1881ರಲ್ಲಿ ಮೈಸೂರಿನ ಪ್ರಜಾ ಪ್ರತಿನಿಧಿ ಸಭೆ ಶುರುಮಾಡಿದಾಗ ಅಹವಾಲು ಹೇಳಿಕೊಳ್ಳಲು ಒಂದು ಜಾಗವಾಯಿತು. ತೀರ್ಮಾನ ಮಾತ್ರ ಸರ್ಕಾರದ ಮರ್ಜಿ. 1938ರ ಏಪ್ರಿಲ್ 25ರಂದು ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದಲ್ಲಿ ಸತ್ಯಾಗ್ರಹಿಗಳ ಮೇಲೆ ಪೊಲೀಸರು ಗುಂಡು ಹಾರಿಸಿದ ಮೇಲೆ, ವಿಚಾರಣಾ ಸಮಿತಿಯ ಅಧ್ಯಕ್ಷತೆಗೆ ಮದ್ರಾಸ್ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ವೇಪಾ ರಾಮೇಶಂ ಅವರನ್ನು ಕರೆಸಲಾಯಿತು. ಆಪಾದನೆ ಹೊತ್ತವರೇ ತೀರ್ಪು ಕೊಡಬಾರದೆಂಬ ಅಳುಕು ಅರಸೊತ್ತಿಗೆಗೂ ತಟ್ಟಿತ್ತೆಂದು ನಾನು ಓದಿಕೊಳ್ಳುತ್ತೇನೆ.

ಎರಡೂ ಕಡೆಯವರನ್ನು ಕೇಳಿ ತೀರ್ಮಾನಿಸುವ ವಿಷಯ ಹಳ್ಳಿಹಳ್ಳಿಗೂ ಬಂದದ್ದು ಭೂಸುಧಾರಣೆಯೊಂದಿಗೆ. ತಿದ್ದುಪಡಿಯಾದ ಕಾಯ್ದೆ 1974ರ ಮಾರ್ಚ್ 1ರಂದು ಜಾರಿಗೆ ಬಂದು, ತಾಲ್ಲೂಕುಗಳಲ್ಲಿ ಭೂನ್ಯಾಯ ಮಂಡಳಿಗಳಾದವು. ಉಪವಿಭಾಗಾಧಿಕಾರಿ ಅಧ್ಯಕ್ಷ, ಸರ್ಕಾರ ನೇಮಿಸಿದವರು ಸದಸ್ಯರು. ಗೇಣಿದಾರ ಉಳುವ ಭೂಮಿಯ ಹಕ್ಕು ಕೇಳಿ ನಮೂನೆ 7ರ ಅರ್ಜಿ ಹಾಕಿದರೆ ಮಾಲೀಕನಿಗೂ ನೋಟಿಸ್. ವಕೀಲರಿಗೆ ಪ್ರವೇಶವಿಲ್ಲ. ಉದ್ದೇಶ ಒಳ್ಳೆಯದೇ, ಮಾಲೀಕ ಪಟ್ಟಣದ ವಕೀಲನನ್ನು ಕರೆತಂದರೆ ಗೇಣಿದಾರನಿಗೆ ಬಾಯೇ ಬರುತ್ತಿರಲಿಲ್ಲ. ಆದರೆ ಪಾಟೀಸವಾಲು ಹಾಕುವ ವಿದ್ಯೆ ಉಳುವವನಿಗೂ ಗೊತ್ತಿಲ್ಲ, ಎಷ್ಟೋ ಸದಸ್ಯರಿಗೂ ಗೊತ್ತಿಲ್ಲ. ಕಾರಣ ಬರೆಯದ, ಎದುರು ಪಕ್ಷವನ್ನು ಸರಿಯಾಗಿ ಕೇಳದ ಆದೇಶಗಳು ಹೊರಬಿದ್ದವು. ಮೊದಮೊದಲು ಮೇಲ್ಮನವಿಯ ದಾರಿಯೂ ಇಲ್ಲದೆ ಜನ ನೇರ ಹೈಕೋರ್ಟಿಗೆ ರಿಟ್ ಹಾಕಿದರು. ಮತ್ತೆ ವಿಚಾರಣೆ ನಡೆಸಿ ಎಂದು ಕಡತಗಳು ತಾಲ್ಲೂಕಿಗೆ ವಾಪಸಾದವು. 1987ರಲ್ಲಿ ಶ್ರೀನಿವಾಸ ರಾಘವಾಚಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ವಕೀಲರ ಮೇಲಿನ ನಿಷೇಧವನ್ನು ರದ್ದು ಮಾಡಿತು. ಅದಕ್ಕೆ ಕೊಟ್ಟ ಕಾರಣ ಕೇಂದ್ರದ ವಕೀಲರ ಕಾಯ್ದೆ. ಬಡವನ ಅಹವಾಲಿನ ಮಾತು ಅಲ್ಲಿ ದೊಡ್ಡದಾಗಲಿಲ್ಲ. ಬೇಗ ಮುಗಿಸಲು ಹೋಗಿ ಉಳಿಸಿದ ದಿನಗಳನ್ನು ಗೇಣಿದಾರ ಅಲೆದಾಟದಲ್ಲಿ ಬಡ್ಡಿಸಮೇತ ತೆತ್ತ.

ಇತ್ತ ದೆಹಲಿಯಲ್ಲಿ ತತ್ವ ಗಟ್ಟಿಯಾಗುತ್ತಿತ್ತು. ಅರಣ್ಯ ಸೇವೆಗೆ ತಾನೇ ಅಭ್ಯರ್ಥಿಯಾಗಿದ್ದ ಅಧಿಕಾರಿಯೊಬ್ಬರು ಆಯ್ಕೆ ಮಂಡಳಿಯಲ್ಲೂ ಕೂತಿದ್ದ ಕ್ರೈಪಕ್ ಪ್ರಕರಣದಲ್ಲಿ (1969), ತನ್ನದೇ ವಿಷಯದಲ್ಲಿ ತಾನೇ ತೀರ್ಪುಗಾರನಾಗಬಾರದು, ಬಾಧಿತರನ್ನು ಕೇಳಬೇಕು ಎಂಬ ಸಹಜ ನ್ಯಾಯ ಆಡಳಿತಾತ್ಮಕ ತೀರ್ಮಾನಕ್ಕೂ ಅನ್ವಯಿಸುತ್ತದೆಂದಾಯಿತು. 1990ರ ಎಸ್.ಎನ್. ಮುಖರ್ಜಿ ತೀರ್ಪು ಕಾರಣ ಬರೆಯುವ ಹೊಣೆ ಹೊರಿಸಿತು. 2005ರ ಮಾಹಿತಿ ಹಕ್ಕು ಕಾಯ್ದೆಯ 4ನೇ ಕಲಂ, ಬಾಧಿತರಿಗೆ ಕಾರಣ ತಿಳಿಸಬೇಕೆಂದಿತು.

ಆಮೇಲೆ ಗಾಳಿ ತಿರುಗಿತು. 2012ರ ಏಪ್ರಿಲ್‌ನಲ್ಲಿ, ಸರ್ಕಾರಿ ಸೇವೆಗಳನ್ನು ಗೊತ್ತಾದ ಅವಧಿಯೊಳಗೆ ಕೊಡಬೇಕೆನ್ನುವ ‘ಸಕಾಲ’ ಬಂದು ದಿನಗಳ ಲೆಕ್ಕ ಹಿಡಿಯಿತು: ತಡವಾದರೆ ಅರ್ಜಿದಾರನಿಗೆ ಪರಿಹಾರ ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500. ನಾನು ಇದನ್ನು ಹಳಿಯುವುದಿಲ್ಲ. ಮೇಜಿನ ಮೇಲೆ ಕೊಳೆಯುತ್ತಿದ್ದ ಅರ್ಜಿಗಳು ಕದಲಿದವು. ಆದರೆ ಅರ್ಜಿ ತಿರಸ್ಕರಿಸಿದರೂ ಅದು ವಿಲೇವಾರಿಯೇ. ಜನಸ್ಪಂದನದಲ್ಲಿ ಕೊಟ್ಟ ದೂರಿಗೂ ‘ನಿಯಮಾನುಸಾರ ಕ್ರಮಕ್ಕೆ’ ಎಂಬ ಷರಾ ಬಿದ್ದು, ಅದು ಯಾರ ಮೇಲಿನ ದೂರೋ ಅವರ ಮೇಜಿಗೇ ಹೋಗುವುದುಂಟು.

ಮಾಲೀಕ ತೀರಿಕೊಂಡ ಮೇಲೆ ಜಮೀನನ್ನು ವಾರಸುದಾರರ ಹೆಸರಿಗೆ ಮಾಡುವ ಪೌತಿ ಖಾತೆಯನ್ನೇ ನೋಡಿ. ಭೂಕಂದಾಯ ಕಾಯ್ದೆಯ 129ನೇ ಕಲಂ ಪ್ರಕಾರ ಬದಲಾವಣೆಯ ಪ್ರತಿ ಚಾವಡಿಯಲ್ಲಿ ಕಾಣಬೇಕು, ದಾಖಲೆಯಲ್ಲಿ ಹಿತಾಸಕ್ತಿ ಉಳ್ಳವರಿಗೆ ಲಿಖಿತ ನೋಟಿಸ್ ಹೋಗಬೇಕು, ತಕರಾರು ಬಂದರೆ ವಿಚಾರಣೆ ಆಗಬೇಕು. ಅಚ್ಚುಕಟ್ಟಾದ ಕಾನೂನು. ಶಿಡ್ಲಘಟ್ಟದ ಹಳ್ಳಿಯಿಂದ ಬೆಂಗಳೂರಿಗೆ ಮದುವೆಯಾಗಿ ಹೋದ ಮಗಳಿಗೆ ಆ ಚಾವಡಿಯ ಗೋಡೆ ಕಾಣುವುದಿಲ್ಲ. ಅಣ್ಣಂದಿರು ಕೊಟ್ಟ ವಂಶವೃಕ್ಷದಲ್ಲಿ ಹೆಸರೇ ಇಲ್ಲದಿದ್ದರೆ ನೋಟಿಸೂ ಇಲ್ಲ. ವರ್ಷಗಳ ಮೇಲೆ ಗೊತ್ತಾಗಿ, ಅದೇ ಕಾಯ್ದೆಯ 136(2)ರಡಿ ಉಪವಿಭಾಗಾಧಿಕಾರಿಯ (ಎ.ಸಿ.) ಕೋರ್ಟಿಗೆ ಮೇಲ್ಮನವಿ ಹಾಕುತ್ತಾಳೆ. ಅಪ್ಪನ ಜಮೀನಿನ ವಿಷಯದಲ್ಲಿ ಅಧಿಕಾರಿಯ ಮುಂದೆ ಅವಳ ಹೆಸರು ಕೂಗುವುದು ಅದೇ ಮೊದಲು.