ಹಡಗಿನಲ್ಲಿ ಬಂದ ನಗು

ಎರಡು ಹಲಗೆ ಜೋಡಿಸಿದ ಕೋಲು. ಹೊಡೆದರೆ ಸದ್ದು ಜೋರು, ನೋವು ಕಡಿಮೆ. ಇಟಲಿಯ ಹಳೆಯ ನಗೆನಾಟಕಗಳ ಇಂಥ ಕೋಲಿನಿಂದಲೇ ‘ಸ್ಲ್ಯಾಪ್‌ಸ್ಟಿಕ್’ ಎಂಬ ಹೆಸರು ಬಂತು. ಬೀಳುವ, ಒದೆಯುವ, ಓಡುವ ಈ ಹಾಸ್ಯವನ್ನು 1912ರಿಂದ ಮೂಕಿ ಚಿತ್ರಗಳಲ್ಲಿ ಮನೆಮಾತಾಗಿಸಿದ್ದು ಮ್ಯಾಕ್ ಸೆನೆಟ್ ಅವರ ಕೀಸ್ಟೋನ್ ಕಂಪನಿ. 1914ರಲ್ಲಿ ಚಾರ್ಲಿ ಚಾಪ್ಲಿನ್ ತೆರೆಗೆ ಬಂದದ್ದೂ ಅಲ್ಲಿಂದಲೇ.

ಚಾಪ್ಲಿನ್ ನಮ್ಮಂತೆಯೇ ದುಡಿಮೆಗಾಗಿ ಸಮುದ್ರ ದಾಟಿದವರು. 1910ರಲ್ಲಿ ಇಂಗ್ಲೆಂಡಿನ ನಾಟಕ ತಂಡವೊಂದರ ಜೊತೆ ಅಮೆರಿಕಕ್ಕೆ ಹೋದರು. 1917ರ ‘ದಿ ಇಮಿಗ್ರಂಟ್’ ಅವರ ಎರಡು ರೀಲಿನ ಕಿರುಚಿತ್ರ. ಹಡಗು ಓಲಾಡುತ್ತದೆ. ಊಟದ ಬಟ್ಟಲು ಮೇಜಿನ ಈಚೆಯಿಂದ ಆಚೆಗೆ ಜಾರುತ್ತದೆ. ಎದುರುಬದುರು ಕುಳಿತ ಇಬ್ಬರು ಅದೇ ಬಟ್ಟಲಿನಿಂದ ಸರದಿಯಂತೆ ತಿನ್ನುತ್ತಾರೆ. ನಾವು ನಗುತ್ತಿರುವಾಗಲೇ ಸ್ವಾತಂತ್ರ್ಯ ದೇವಿಯ ಪ್ರತಿಮೆ ಕಾಣುತ್ತದೆ. ಮರುಕ್ಷಣ ಅಧಿಕಾರಿಗಳು ವಲಸಿಗರಿಗೆ ಹಗ್ಗ ಅಡ್ಡ ಕಟ್ಟಿ ದನಗಳಂತೆ ಒತ್ತರಿಸುತ್ತಾರೆ. ಚಾರ್ಲಿ ಸದ್ದಿಲ್ಲದೆ ಒಬ್ಬ ಅಧಿಕಾರಿಯ ಹಿಂಬದಿಗೆ ಒದೆಯುತ್ತಾನೆ.

ಸಾಲಿನಲ್ಲಿ ಬಾಯಿ ಮುಚ್ಚಿ ನಿಂತ ಎಷ್ಟೋ ಜನ ಒದೆಯಲಾಗದೆ ಉಳಿದ ಒದೆ ಅದು. ಅದನ್ನು ತಿಳಿಯಲು ಇಂಗ್ಲಿಷ್ ಬೇಕಿರಲಿಲ್ಲ. ಆಸ್ಪತ್ರೆಯ ಔಷಧಿ ಕಿಟಕಿಯಲ್ಲಿ ಭಾಷೆ ಬಾರದವರಿಗೆ ಮೂರು ಬೆರಳು ತೋರಿಸಿ ‘ದಿನಕ್ಕೆ ಮೂರು ಸಲ’ ಎನ್ನುವ ನಮಗೆ ಮೈಯ ಭಾಷೆಯ ಬಲ ಗೊತ್ತು.

1952ರಲ್ಲಿ ಚಾಪ್ಲಿನ್ ತಮ್ಮ ಹೊಸ ಚಿತ್ರದ ಪ್ರದರ್ಶನಕ್ಕೆಂದು ಲಂಡನ್ನಿಗೆ ಹಡಗು ಹತ್ತಿದರು. ಅಮೆರಿಕ ಸರಕಾರ ಅವರ ರೀ-ಎಂಟ್ರಿ ಪರವಾನಗಿ ರದ್ದು ಮಾಡಿತು. ಸುಮಾರು ನಲವತ್ತು ವರ್ಷ ದುಡಿದ ಊರಿನ ಬಾಗಿಲು ಮುಚ್ಚಿತ್ತು. ರಜೆಗೆ ಹೊರಡುವಾಗಲೆಲ್ಲ ಪಾಸ್‌ಪೋರ್ಟ್ ಎರಡೆರಡು ಸಲ ತೆರೆದು ನೋಡುವ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.