ಮಹಾಬಲ

ಕುಮಟಾ, ಹೊನ್ನಾವರದ ಕಡೆ ಮಾಬ್ಲ ಎಂಬ ಹೆಸರು ಕೇಳದ ಊರು ಕಡಿಮೆ. ಜಾತಕದಲ್ಲಿ ಮಹಾಬಲೇಶ್ವರ, ಶಾಲೆಯ ಹಾಜರಿಯಲ್ಲಿ ಮಹಾಬಲ, ಅಂಗಳದಲ್ಲಿ ಮಾಬ್ಲ, ವಯಸ್ಸಾದ ಮೇಲೆ ಮಾಬ್ಲಣ್ಣ. ಯಕ್ಷಗಾನದವರಿಗೆ ಕೆರೆಮನೆ ಮಹಾಬಲ ಹೆಗಡೆಯವರ ನೆನಪೂ ಬಂದೀತು. ದಿನಬಳಕೆಯಲ್ಲಿ ಇಷ್ಟು ಸವೆದ ಈ ಶಬ್ದ ಸೋತವನೊಬ್ಬನ ಬಾಯಿಂದ ಬಂದದ್ದು.

ತಾಯಿಗಾಗಿ ತಪಸ್ಸು ಮಾಡಿ ಆತ್ಮಲಿಂಗ ಪಡೆದ ರಾವಣ ಲಂಕೆಗೆ ಹೊರಟಿದ್ದ. ನೆಲಕ್ಕೆ ಇಡಬಾರದು ಎಂಬ ಕಟ್ಟಳೆ. ಗೋಕರ್ಣದಲ್ಲಿ ಸಂಧ್ಯಾವಂದನೆಯ ಹೊತ್ತಿಗೆ ವಟುವಿನ ವೇಷದಲ್ಲಿದ್ದ ಗಣಪತಿಯ ಕೈಗೆ ಕೊಟ್ಟ. ಗಣಪತಿ ಮೂರು ಸಲ ಕರೆದು, ಇಟ್ಟೇಬಿಟ್ಟ. ಕೈಲಾಸವನ್ನೇ ಅಲುಗಿಸಿದ ತೋಳುಗಳು ಎಳೆದವು, ಲಿಂಗ ಆಕಳ ಕಿವಿಯಂತೆ ತಿರುಚಿಕೊಂಡಿತೇ ಹೊರತು ಮೇಲೆ ಬರಲಿಲ್ಲ. ಆಗ ರಾವಣನೇ ಅದನ್ನು ಮಹಾಬಲ ಎಂದನೆಂದು ಜನರ ನಂಬಿಕೆ.

ಸಿಟ್ಟಿನಲ್ಲಿ ಅವನು ಎಸೆದ ಪೆಟ್ಟಿಗೆ, ಮುಚ್ಚಳ, ದಾರ, ಬಟ್ಟೆ ಬಿದ್ದಲ್ಲೆಲ್ಲ ಶಿವಕ್ಷೇತ್ರಗಳಾದವು. ಕಾರವಾರದ ಕಡೆಯ ಸಜ್ಜೇಶ್ವರ ಬಿಟ್ಟರೆ ಉಳಿದ ಮೂರು ಕುಮಟಾದ ಧಾರೇಶ್ವರ, ಹೊನ್ನಾವರದ ಗುಣವಂತೆ, ಭಟ್ಕಳದ ಮುರ್ಡೇಶ್ವರ. ಗ್ರೀಕರ ಹೆರಾಕ್ಲಿಸ್ ಕೂಡ ಹೀಗೆ ನೆಲದ ಮೇಲೆ ಗುರುತು ಬಿಟ್ಟವನು. ಜಿಬ್ರಾಲ್ಟರ್ ಜಲಸಂಧಿಯ ಎರಡು ಬದಿಯ ಗುಡ್ಡಗಳನ್ನು ಹಿಂದಿನವರು ಅವನ ಕಂಬಗಳೆಂದರು. 12 ಸಾಹಸಗಳನ್ನು ಗೆದ್ದವನ ಹೆಸರು ಬಲಕ್ಕೇ ಇನ್ನೊಂದು ಹೆಸರಾಯಿತು. ನಮ್ಮ ಊರುಗಳಿಗೆ ಅದೇ ಹೆಸರು ಹರ್ಕ್ಯುಲಿಸ್ ಸೈಕಲ್ಲಾಗಿಯೂ ಬಂತು. ರಾವಣನ ಹೆಸರು ಮಾತ್ರ, ಗೋಕರ್ಣವೂ ಸೇರಿ ಆ ಐದು ಕ್ಷೇತ್ರಗಳಲ್ಲಿ ಒಂದಕ್ಕೂ ಇಲ್ಲ. ಅವನು ಕೊಟ್ಟ ಹೆಸರನ್ನು ಜನ ತೊಟ್ಟಿಲಲ್ಲಿ ಮಲಗಿದ ಮಕ್ಕಳಿಗೆ ಇಟ್ಟರು. ಊರಿಗೆ ತನ್ನ ಹೆಸರು ಅಂಟುವುದಕ್ಕಿಂತ ಇದು ದೊಡ್ಡದೆಂದೇ ನನ್ನ ಎಣಿಕೆ.

ಮುರ್ಡೇಶ್ವರದಲ್ಲಿ 123 ಅಡಿಯ ಶಿವನ ಕೆಳಗಿನ ಗುಹೆಯಲ್ಲಿ ಈ ಕತೆಯನ್ನು ಶಿಲ್ಪಗಳಲ್ಲಿ ತೋರಿಸಿದ್ದಾರೆ. ಗೋಕರ್ಣದಲ್ಲಿ ನೋಡಲು ಅಷ್ಟು ಸಿಗುವುದಿಲ್ಲ. ಲಿಂಗ ಪೀಠದ ಕುಳಿಯೊಳಗಿದೆ, ಬೆರಳಿಗೆ ತಾಕುವುದು ತುದಿಯಷ್ಟೆ. ಹೊರಗೆ ಕಾಣುವುದು ಅಷ್ಟೇ ಆದರೂ, ಅದು ನೆಲವನ್ನು ಹಿಡಿದ ಪರಿಯನ್ನು ತನ್ನ ತೋಳಿನಲ್ಲಿ ಅನುಭವಿಸಿದವನು ರಾವಣ. ಆ ಹೆಸರಿಡಲು ಅವನಿಗಿಂತ ತಕ್ಕವನಿಲ್ಲ.

1958ರ ‘ಭೂಕೈಲಾಸ’ ಚಿತ್ರದಲ್ಲಿ ರಾಜಕುಮಾರ್ ರಾವಣನಾದರು. ಖಳನೆಂದು ಕರೆಯಲು ಮನಸ್ಸಾಗದ ರಾವಣ ಅದು. ನಮ್ಮ ಯಕ್ಷಗಾನದ ಆಟಗಳಲ್ಲಿ ಈ ವೇಷ ಕಟ್ಟುವವರು ಲಿಂಗ ಕೀಳುವ ಆರ್ಭಟಕ್ಕಿಂತ, ಕೈಬಿಟ್ಟು ನಿಂತು ‘ಮಹಾಬಲ’ ಎನ್ನುವ ಆ ಗಳಿಗೆಗೆ ಇನ್ನಷ್ಟು ಹೊತ್ತು ಕೊಡಲಿ ಎಂಬುದು ನನ್ನ ಆಸೆ.